ಎದುರು ಮನೆಯ ನಟನ ಕೊನೆಯ ಪಾತ್ರ

ಅವರು ತೀರಿಕೊಂಡ ಸುದ್ದಿಯನ್ನು ಅವರ ಮಗಳು ಲಿಫ್ಟಿನ ಮುಂದೆ ನಿಂತು ಹೇಳಿದಳು. ಅವಳು ನರ್ಸ್. ಡ್ಯೂಟಿ ಮುಗಿಸಿ ಆಗಷ್ಟೇ ಬಂದಿದ್ದಳು, ಕೊರಳಲ್ಲಿ ಆಸ್ಪತ್ರೆಯ ಗುರುತುಚೀಟಿ ಇನ್ನೂ ನೇತಾಡುತ್ತಿತ್ತು. "ಅಪ್ಪ ಹೋದರು. ನಿದ್ದೆಯಲ್ಲೇ," ಎಂದಳು.

ನನಗೆ ಮೊದಲು ಬಂದ ಯೋಚನೆಯನ್ನು ಹೇಳಿಬಿಡುತ್ತೇನೆ. ನಿಜವಾಗಿ ಹೋದರೋ, ಅಥವಾ ಇದೂ ಒಂದು ನಟನೆಯೋ ಎಂದುಕೊಂಡೆ. ಅವರು ಸ್ಪೇನಿನ ಟೀವಿಯಲ್ಲಿ ಹೆಣವಾಗಿ ಮಲಗಿದವರು. "ಉಸಿರು ಹಿಡಿಯುವುದು ದೊಡ್ಡ ಮಾತಲ್ಲ, ಮೂಗು ತುರಿಸಿದಾಗ ಸುಮ್ಮನಿರುವುದು ದೊಡ್ಡದು," ಎಂದು ಒಮ್ಮೆ ನಮ್ಮ ಸೋಫಾದ ಮೇಲೆ ಮಲಗಿ ತೋರಿಸಿದ್ದರು. ಸತ್ತವರ ಮಗಳು ಎದುರು ನಿಂತಿರುವಾಗ ನನ್ನ ತಲೆಯಲ್ಲಿ ಓಡಿದ್ದು ಇದು. ನಾನು ಎಂಥವನು ಎಂದು ತಿಳಿಯಲು ಇಷ್ಟು ಸಾಕು.

ನಾನು ಓದಿದ್ದು ಹೈಸ್ಕೂಲಿನ ತನಕ. ಉಡುಪಿಯ ಹತ್ತಿರದವನು. ಮನೆಮಾತು ಕೊಂಕಣಿಯಾದರೂ ಬರೆಯುವುದಿದ್ದರೆ ಶಾಲೆಯಲ್ಲಿ ಕಲಿತ ಕನ್ನಡವೇ ಕೈಗೆ ಬರುತ್ತದೆ. ಲಂಡನ್ನಿಗೆ ಬಂದ ಮೇಲೆ ನಿವೃತ್ತಿಯಾಗುವವರೆಗೂ ದೊಡ್ಡದೊಂದು ಬಟ್ಟೆ ಅಂಗಡಿಯಲ್ಲಿ ಸೆಕ್ಯುರಿಟಿ ಕೆಲಸ ಮಾಡಿದೆ. ಗಿರಾಕಿಗಳ ಮುಖ ನೋಡಬಾರದು, ಕೈ ನೋಡಬೇಕು ಎಂದು ಮೊದಲ ದಿನವೇ ಹೇಳಿಕೊಟ್ಟಿದ್ದರು. ಕೆಲಸ ಮುಗಿದರೂ ಕಣ್ಣಿಗೆ ನಿವೃತ್ತಿ ಸಿಗಲಿಲ್ಲ. ಮದುವೆ ಮನೆಯಲ್ಲೂ ನೆಂಟರ ಕೈ ನೋಡುತ್ತಿದ್ದೆ. ನನ್ನ ಹೆಂಡತಿ ಸೆಲಿನ್ ಗೇಲಿ ಮಾಡುತ್ತಿದ್ದಳು: "ನಿಮ್ಮ ಅಂಗಡಿಗೆ ಬಾಗಿಲು ಹಾಕಿ ಆಯ್ತು ಮಾರಾಯ್ರೆ. ಇನ್ನು ಪಾದ್ರಿಗಳ ಜೇಬಾದರೂ ಬಿಡಿ."

ವೆಂಬ್ಲಿಯಲ್ಲಿ ಈಲಿಂಗ್ ರೋಡಿನಿಂದ ಸ್ವಲ್ಪ ಒಳಗೆ ನಮ್ಮ ಕಟ್ಟಡ. ಎದುರು ಫ್ಲ್ಯಾಟಿನಲ್ಲಿ ಈ ಸ್ಪ್ಯಾನಿಷ್ ನರ್ಸ್ ಒಬ್ಬಳೇ ಇದ್ದಳು. ಒಂದು ವಸಂತದಲ್ಲಿ ಅವಳ ತಂದೆ ಬಂದು ಸೇರಿಕೊಂಡರು. ಎತ್ತರದ ಆಳು, ಬಣ್ಣ ಹಾಕಿದ ಕೂದಲು, ಹುಬ್ಬನ್ನು ಮಾತ್ರ ಬಿಳಿ ಬಿಟ್ಟಿದ್ದರು. ಅವರನ್ನು ನಾನು ಮೊದಲು ಕಂಡದ್ದು ಲಿಫ್ಟಿನಲ್ಲಿ. ಬಾಗಿಲು ತೆರೆದಾಗ ಒಳಗೆ ಕನ್ನಡಿಯ ಎದುರು ನಿಂತು ಅಳುತ್ತಿದ್ದರು. ಕೆನ್ನೆಯ ಮೇಲೆ ನಿಜವಾದ ನೀರು. ನನ್ನನ್ನು ಕಂಡದ್ದೇ ತಿರುಗಿ, "ಗುಡ್ ಮಾರ್ನಿಂಗ್, ಮೈ ಫ್ರೆಂಡ್!" ಎಂದು ಹಲ್ಲು ತೋರಿಸಿ ನಕ್ಕರು. ಕಣ್ಣೀರು ಇನ್ನೂ ಒರೆಸಿರಲಿಲ್ಲ.

ಮನೆಗೆ ಬಂದು ಸೆಲಿನ್‌ಗೆ ಹೇಳಿದೆ: "ಎದುರು ಮನೆಗೆ ಬಂದ ಗಂಡಸು ಸರಿ ಇಲ್ಲ."

"ಎಂತ ಮಾಡಿದರು?"

"ಅತ್ತರು. ಮತ್ತೆ ನಕ್ಕರು."

"ಹೌದಾ? ನಾನು ಮದುವೆಯಾದ ದಿನ ಅದೇ ಮಾಡಿದ್ದು," ಎಂದಳು.

ಮತ್ತೊಂದು ದಿನ ಅವರು ಈಲಿಂಗ್ ರೋಡಿನ ತರಕಾರಿ ಅಂಗಡಿಗಳ ಮುಂದೆ ಬಲಗಾಲು ಎಳೆಯುತ್ತ ನಡೆಯುವುದನ್ನು ಕಂಡೆ. ಅದೇ ವಾರ ಎಡಗಾಲು ಎಳೆಯುತ್ತಿದ್ದರು. ಹಿಂದೆಯೇ ಹೋದೆ. ಬಸ್ ಸ್ಟಾಪಿನ ಬೆಂಚಿನ ಮೇಲೆ ಕುಳಿತು ಬರುವ ಮುದುಕರನ್ನೆಲ್ಲ ಮೇಲಿಂದ ಕೆಳಗೆ ನೋಡುತ್ತಿದ್ದರು. ಬಸ್ಸು ಬಂದರೂ ಹತ್ತಲಿಲ್ಲ. ಏನೋ ಕಳ್ಳಾಟ ಎಂದು ಖಾತ್ರಿಯಾಯಿತು. ಎದುರಿಗೇ ಹೋಗಿ ಕೇಳಿದೆ: "ನಿಮಗೆ ಯಾವ ಕಾಲು ನೋವು?"

"ಎರಡೂ ಅಲ್ಲ," ಎಂದು ಜಾಗ ಸರಿಸಿ ನನ್ನನ್ನು ಕೂರಿಸಿಕೊಂಡರು. "ನೋಡಿ ಆ ಅಜ್ಜನನ್ನು. ಕಾಲು ಗಟ್ಟಿಯಾಗಿಯೇ ಇದೆ. ನೆಲ ತನ್ನನ್ನು ಹೊರುತ್ತದೆ ಎನ್ನುವ ನಂಬಿಕೆ ಮಾತ್ರ ಹೋಗಿದೆ. ಮುದುಕನ ಪಾತ್ರ ಮಾಡುವವರು ಕಾಲು ನಡುಗಿಸುತ್ತಾರೆ. ತಪ್ಪು. ನೆಲವನ್ನು ನಂಬಬಾರದು, ಅಷ್ಟೇ."

ತಾನು ನಟ ಎಂದು ಅವರು ಹೇಳಿದ್ದು ಆಗ. ನಾನು ನಂಬಲಿಲ್ಲ. ಟೀವಿಯಲ್ಲಿ ಹೆಸರು ಮಾಡಿದವನು ತಿಂಗಳಲ್ಲಿ ಅರ್ಧದಷ್ಟು ದಿನ ಲಿಫ್ಟ್ ಕೆಟ್ಟಿರುವ ನಮ್ಮ ಕಟ್ಟಡಕ್ಕೆ ಯಾಕೆ ಬರುತ್ತಾನೆ?

ಆಮೇಲೆ ಅವರು ನಮ್ಮಲ್ಲಿಗೆ ಚಹಾಕ್ಕೆ ಬರಲು ಶುರುಮಾಡಿದರು. ಕರೆದದ್ದು ಸೆಲಿನ್. ಅವರ ಬದುಕಿನ ಕತೆ ನಮಗೆ ಗೊತ್ತಾದದ್ದು ಹೀಗೆ, ತುಂಡು ತುಂಡಾಗಿ. ಹರೆಯದಲ್ಲಿ ಒಂದು ಹಾಸ್ಯದ ಧಾರಾವಾಹಿಯಲ್ಲಿ ಹೋಟೆಲಿನ ಸಪ್ಲಾಯರ್ ಪಾತ್ರ ಸಿಕ್ಕಿತಂತೆ. ಪ್ರತಿ ವಾರ ತಟ್ಟೆ ಬೀಳಿಸುವುದೇ ಕೆಲಸ. ಊರಿಗೆ ಊರೇ ಅದನ್ನು ನೋಡುತ್ತಿತ್ತು. ಹೋದಲ್ಲೆಲ್ಲ ಜನ ಅವರ ಕೈಗೆ ಏನಾದರೊಂದು ಕೊಟ್ಟು ಬೀಳಿಸಲು ಹೇಳುತ್ತಿದ್ದರು. ತಾಯಿ ತೀರಿದಾಗ ಶವಪೆಟ್ಟಿಗೆಗೆ ಹೆಗಲು ಕೊಟ್ಟರೆ ನೆರೆದವರು ನಗು ತಡೆಯಲಾರದೆ ಬಾಯಿಗೆ ಕರವಸ್ತ್ರ ಒತ್ತಿಕೊಂಡರು. ಈಗ ಬೀಳಿಸುತ್ತಾನೆ, ಈಗ ಬೀಳಿಸುತ್ತಾನೆ ಎಂದು ಕಾಯುತ್ತಿದ್ದರಂತೆ.

ಅಲ್ಲಿಗೆ ಹಾಸ್ಯ ಸಾಕು ಎನಿಸಿ ಗಂಭೀರ ಪಾತ್ರ ಕೇಳಿಕೊಂಡು ಅಲೆದರು. ಯಾರೂ ಕೊಡಲಿಲ್ಲ. ಕೊನೆಗೆ ಹೆಂಡತಿ ಮಕ್ಕಳನ್ನು ಬಿಟ್ಟು ಓಡಿಹೋಗುವ ಡಾಕ್ಟರನ ಪಾತ್ರ ಬಂತು. ಅದೂ ಗೆದ್ದಿತು. ಎಷ್ಟು ಗೆದ್ದಿತೆಂದರೆ ಸಂತೆಯಲ್ಲಿ ಹೆಂಗಸೊಬ್ಬಳು ಇವರಿಗೆ ಟೊಮೆಟೊ ಮಾರಲು ಒಪ್ಪಲಿಲ್ಲ. "ಮೊದಲು ಮನೆಗೆ ಹೋಗು, ಮಕ್ಕಳ ಮುಖ ನೋಡು," ಎಂದು ಬೈದಳಂತೆ. ಇದನ್ನು ಹೇಳುವಾಗ ಅವರ ಮುಖ ಅರಳುತ್ತಿತ್ತು. ಆಮೇಲೆ ವಯಸ್ಸಾಯಿತು. ನ್ಯಾಯಾಧೀಶ, ಅಜ್ಜ, ಬಿಷಪ್, ಹೆಣ. ಆಮೇಲೆ ಫೋನ್ ಬರುವುದೇ ನಿಂತಿತು.

"ಹಾಸ್ಯ, ಗಂಭೀರ, ಎರಡರಲ್ಲಿ ಯಾವುದು ಕಷ್ಟ?" ಎಂದು ಸೆಲಿನ್ ಕೇಳಿದ್ದಳು.

"ಎರಡೂ ಒಂದೇ, ಸೆನ್ಯೋರಾ. ಮನುಷ್ಯ ಗುಂಡಿಯ ಕಡೆ ನಡೆಯುತ್ತಾನೆ. ಗುಂಡಿ ನಿಮಗೆ ಕಾಣುತ್ತದೆ, ಅವನಿಗೆ ಕಾಣುವುದಿಲ್ಲ ಎಂದರೆ ಹಾಸ್ಯ. ಅವನಿಗೂ ಕಾಣುತ್ತದೆ, ಆದರೂ ನಡೆಯುತ್ತಾನೆ ಎಂದರೆ ಇನ್ನೊಂದು."

ನನ್ನ ಕಿವಿ ಮಾತ್ರ ಬೇರೆ ಕೆಲಸದಲ್ಲಿತ್ತು. ಮತ್ತೊಂದು ಸಲ ಅದೇ ಶವಯಾತ್ರೆಯ ಕತೆ ಹೇಳುವಾಗ ತಾಯಿಯ ಬದಲು ಚಿಕ್ಕಮ್ಮ ಸತ್ತಿದ್ದಳು. ಅಲ್ಲೇ ಹಿಡಿದೆ: "ಹೋದ ಸಲ ತಾಯಿ ಎಂದಿರಿ. ಯಾವುದು ನಿಜ?"

ಅವರು ಕಪ್ಪನ್ನು ಮೆಲ್ಲಗೆ ಕೆಳಗಿಟ್ಟರು. ಖಾಲಿ ಕಪ್ಪನ್ನೂ ತುಂಬಿದ ಕಪ್ಪಿನ ಹಾಗೆ ಹಿಡಿಯುತ್ತಿದ್ದರು, ಕೊನೆಯವರೆಗೂ. "ಜನ ನಕ್ಕದ್ದು ನಿಜ," ಎಂದರು.

ಸುಳ್ಳುಗಾರ ಎಂದು ಅಂದೇ ತೀರ್ಮಾನ ಮಾಡಿದೆ.

ಮರುವರ್ಷ ಸೆಲಿನ್‌ಗೆ ಸ್ಟ್ರೋಕ್ ಆಯಿತು. ಬಲಗೈ ಸೋತಿತು, ಮಾತು ಪೂರ್ತಿ ನಿಂತಿತು. ಮನೆಗೆ ಕರೆತಂದಾಗ ಅವಳಲ್ಲಿ ಉಳಿದಿದ್ದದ್ದು "ಹ್ಞೂಂ" ಒಂದೇ. ಬೇಕು ಎಂದರೂ ಅದೇ, ಬೇಡ ಎಂದರೂ ಅದೇ. ಮಾತು ಕಲಿಸಲು ಬರುತ್ತಿದ್ದ ಹುಡುಗಿ ಚಿತ್ರಗಳನ್ನು ತೋರಿಸಿ "ಕಪ್", "ಕೀ" ಎಂದು ಹೇಳಿಸುತ್ತಿದ್ದಳು. ಸೆಲಿನ್ ಗೋಡೆ ನೋಡುತ್ತಿದ್ದಳು. ಇಡೀ ಬೀದಿಯ ಬಾಯಿ ಮುಚ್ಚಿಸುವಷ್ಟು ಮಾತಿದ್ದವಳು.

ಎದುರು ಮನೆಯವರು ಬಂದರು. "ಹೇಗಿದ್ದೀರಿ" ಎಂದು ಕೇಳಲಿಲ್ಲ. ಅಡುಗೆಮನೆಗೆ ಹೋಗಿ ನಮ್ಮ ದೊಡ್ಡ ಸ್ಟೀಲ್ ತಟ್ಟೆಯ ಮೇಲೆ ಲೋಟಗಳನ್ನು ಜೋಡಿಸಿಕೊಂಡು, ಭುಜದ ಎತ್ತರಕ್ಕೆ ಎತ್ತಿ, ಸೆಲಿನ್‌ಳ ಮುಂದೆ ಗತ್ತಿನಿಂದ ನಡೆದು ಬಂದರು. ಒಂದು ಲೋಟ ಜಾರಿತು. ಅದನ್ನು ಮೊಣಕಾಲಿನಲ್ಲಿ ತಡೆದರು. ಇನ್ನೊಂದು ಜಾರಿತು, ಗದ್ದದಲ್ಲಿ ತಡೆದರು. ಕೊನೆಗೆ ಎಲ್ಲವನ್ನೂ ಉಳಿಸಿಕೊಂಡೆ ಎಂದು ಬಾಗಿ ನಮಸ್ಕಾರ ಮಾಡುವಾಗ ಅಷ್ಟೂ ಲೋಟಗಳು ನೆಲಕ್ಕೆ ಉರುಳಿದವು. ಸೆಲಿನ್ ನಕ್ಕಳು. ಆಸ್ಪತ್ರೆಯಿಂದ ಬಂದ ಮೇಲೆ ಅವಳ ಗಂಟಲಿನಿಂದ ಬಂದ ಮೊದಲ ದೊಡ್ಡ ಸದ್ದು ಅದು. ಕೆಳಗಿನ ಮನೆಯವರು ಕೋಲಿನಿಂದ ತಮ್ಮ ಚಾವಣಿಯನ್ನು ಕುಟ್ಟಿದರು.

ಅಂದಿನಿಂದ ಅವರು ದಿನವೂ ಬರತೊಡಗಿದರು. ನಾನು ಸಾಮಾನಿಗೆಂದು ಹೊರಗೆ ಹೋಗುವ ಹೊತ್ತಿಗೇ ಬರುತ್ತಿದ್ದರು. ಇದನ್ನು ನಾನು ಗಮನಿಸಿದೆ. ನಾನಿದ್ದರೆ ಅವಳು ನಗುತ್ತಿರಲಿಲ್ಲ, ಇದನ್ನೂ ಗಮನಿಸಿದೆ. ಹಿಂತಿರುಗಿದಾಗ ಕುರ್ಚಿಗಳ ಜಾಗ ಬದಲಾಗಿರುತ್ತಿತ್ತು, ಫ್ರಿಜ್ಜಿನ ಹಾಲು ಮೇಜಿನ ಮೇಲಿರುತ್ತಿತ್ತು. ಏನು ನಡೆಯಿತು ಎಂದು ಕೇಳಿದರೆ ಸೆಲಿನ್‌ಳ ಉತ್ತರ "ಹ್ಞೂಂ".

ಕೊಲಿಂಡೇಲ್‌ನಲ್ಲಿರುವ ಮಗಳು ಐರಿನ್‌ಗೆ ಫೋನ್ ಮಾಡಿ ಹೇಳಿದೆ. "ಪಪ್ಪಾ, ಮಮ್ಮಿ ಲಾಫ್ ಮಾಡ್ತಾ ಇದ್ದಾರೆ. ನಿಮ್ಮ ಪ್ರಾಬ್ಲಮ್ ಎಂತ?" ಎಂದಳು.

"ಒಬ್ಬ ಗಂಡಸು ನಾನು ಇಲ್ಲದಾಗ ನೋಡಿಕೊಂಡು ಮನೆಗೆ ಬರುವುದು ಯಾಕೆ?"

"ನೀವು ಇದ್ದಾಗ ಬಂದ್ರೆ ಅವರ ಕೈ ನೋಡ್ತೀರಲ್ಲ, ಅದಕ್ಕೆ!"

ನಾನು ಒಂದು ಸಣ್ಣ ಕ್ಯಾಮೆರಾ ಕೊಂಡು ತಂದೆ. ಫೋನಿನಲ್ಲೇ ನೋಡುವಂಥದ್ದು. ಮನೆಯಲ್ಲಿ ಎಲ್ಲ ಕಡೆಯೂ ಕಾಣುವ ಜಾಗ ಒಂದೇ ಇತ್ತು, ದೇವರ ಪೀಠ. ಮಾತೆ ಮರಿಯಮ್ಮನ ಪ್ರತಿಮೆಯ ಹಿಂದೆ ಇಟ್ಟೆ, ಅವಳ ಹೆಗಲಿನ ಮೇಲಿಂದ ಕೋಣೆ ಕಾಣುವ ಹಾಗೆ. ಅಂಗಡಿಯಲ್ಲಿ ಕ್ಯಾಮೆರಾಕ್ಕೆ ಜಾಗ ಹುಡುಕಿದಷ್ಟೇ ನಿರಾಳವಾಗಿ ಈ ಕೆಲಸ ಮಾಡಿದೆ.

ಮಾರನೆಯ ದಿನ ಲೈಬ್ರರಿಯ ಹೊರಗೆ ನಿಂತು ಫೋನ್ ತೆರೆದೆ. ನಮ್ಮ ಬಾಗಿಲಿನಿಂದ ನಾನೇ ಒಳಗೆ ಬರುತ್ತಿದ್ದೆ. ಅರೆಗಳಿಗೆ ಹಾಗೆಯೇ ಅನಿಸಿತು. ಅವರು ನನ್ನ ಭುಜ, ನನ್ನ ಕುತ್ತಿಗೆ, ನನ್ನ ನಡಿಗೆ ಎಲ್ಲವನ್ನೂ ತಮ್ಮ ಮೈಮೇಲೆ ಹಾಕಿಕೊಂಡಿದ್ದರು. ಬೀಗ ಹಾಕಿ, ಎಳೆದು ನೋಡಿ, ಎರಡು ಹೆಜ್ಜೆ ಬಂದು, ಹಿಂದೆ ಹೋಗಿ ಮತ್ತೆ ಎಳೆದು ನೋಡಿದರು. ಸೋಫಾದ ಕೆಳಗೆ ಬಗ್ಗಿದರು. ಪರದೆ ಸರಿಸಿದರು. ಮೇಜಿನ ಮೇಲಿದ್ದ ಹಾಲಿನ ಬಾಟಲಿ ತೆಗೆದು ಮೂಸಿದರು. ಸೆಲಿನ್ ನಕ್ಕೂ ನಕ್ಕೂ ಕಣ್ಣೊರೆಸಿಕೊಳ್ಳುತ್ತಿದ್ದಳು. ಆಮೇಲೆ ಎಡಗೈ ಎತ್ತಿ ಅವರನ್ನು ನಿಲ್ಲಿಸಿದಳು. ಕೊಂಕಣಿಯಲ್ಲಿ, ತೊದಲುತ್ತ, ಆದರೆ ಸ್ಪಷ್ಟವಾಗಿ ಹೇಳಿದಳು:

"ಹಾಗಲ್ಲ. ಅವರು ಮೊದಲು ಹಾಲು ಮೂಸುತ್ತಾರೆ. ಮತ್ತೆ ನನ್ನನ್ನು ನೋಡುತ್ತಾರೆ."

ಅವರಿಗೆ ಭಾಷೆ ಅರ್ಥವಾಗಲಿಲ್ಲ. ಆದರೆ ಮಾತು ಎಂದು ಅರ್ಥವಾಯಿತು. ಬಾಟಲಿ ಹಿಡಿದುಕೊಂಡೇ ನೆಲದ ಮೇಲೆ ಕುಳಿತುಬಿಟ್ಟರು.

ಹೆಂಡತಿಯ ಮಾತು ಮರಳಿ ಬಂದದ್ದನ್ನು ಕಂಡ ಯಾವ ಗಂಡನಾದರೂ ಬೀದಿಯಲ್ಲೇ ಮೊಣಕಾಲೂರಿ ದೇವರಿಗೆ ವಂದಿಸುತ್ತಿದ್ದ. ನನಗೆ ಮೈಯೆಲ್ಲ ಉರಿಯಿತು. ಇಷ್ಟು ದಿನದ ನಗು ನನ್ನ ಮೇಲಿನದು ಎಂಬುದೊಂದೇ ನನಗೆ ತಿಳಿದದ್ದು. ಮನೆಗೆ ಓಡಿದೆ.

ಬಾಗಿಲು ತೆರೆದಾಗ ಅವರು ಇನ್ನೂ ನಾನಾಗಿಯೇ ನಿಂತಿದ್ದರು. ನನ್ನನ್ನು ಕಂಡೊಡನೆ ನನ್ನ ಭುಜ ಅವರ ಮೈಯಿಂದ ಮೆಲ್ಲಗೆ ಇಳಿದುಹೋಯಿತು.

"ಮೈ ಫ್ರೆಂಡ್, ಸೆನ್ಯೋರಾ ಮಾತಾಡಿದರು! ಈಗಷ್ಟೇ!"

"ಕೇಳಿದೆ. ನನ್ನ ಮನೆಯಲ್ಲಿ ನನ್ನನ್ನೇ ಅಣಕಿಸಲಿಕ್ಕೆ ನಿಮಗೆ ಹೇಳಿದ್ದು ಯಾರು?"

"ಕೇಳಿದಿರಾ? ಎಲ್ಲಿಂದ?" ಎಂದವರು ನನ್ನ ಕೈಯ ಫೋನ್ ನೋಡಿದರು. ಕೋಣೆಯ ಸುತ್ತ ಕಣ್ಣು ಹಾಯಿಸಿದರು. ಬದುಕೆಲ್ಲ ಕ್ಯಾಮೆರಾದ ಎದುರು ಕಳೆದವರಿಗೆ ಅದನ್ನು ಹುಡುಕಲು ಎಷ್ಟು ಹೊತ್ತು ಬೇಕು? ಪೀಠದ ಹತ್ತಿರ ಹೋಗಿ ಶಿಲುಬೆಯ ಗುರುತು ಹಾಕಿಕೊಂಡರು. "ತಾಯಿಯ ಹಿಂದೆಯಾ?" ಎಂದು ತಗ್ಗಿದ ದನಿಯಲ್ಲಿ ಕೇಳಿದರು. ನಂತರ ಹೇಗಾದರೂ ವಾತಾವರಣ ತಿಳಿಯಾಗಲಿ ಎಂದು, "ಹಾಗಾದರೆ ನನ್ನ ಎಡಗೆನ್ನೆ ಬಂದಿರುತ್ತದೆ. ಅದು ಅಷ್ಟು ಚೆನ್ನಾಗಿಲ್ಲ," ಎಂದರು.

ಯಾರೂ ನಗಲಿಲ್ಲ. ಸೆಲಿನ್ ಪೀಠವನ್ನೇ ನೋಡುತ್ತಿದ್ದಳು.

"ಇನ್ನು ಈ ಬಾಗಿಲಿಗೆ ಬರಬೇಡಿ," ಎಂದೆ.

ಹೊಸ್ತಿಲಲ್ಲಿ ನಿಂತು ಅವರು ಹೇಳಿದರು: "ನಾನು ಬರುವುದಿಲ್ಲ. ಆದರೆ ಈ ಆಟ ನಿಲ್ಲಿಸಬೇಡಿ, ದಯವಿಟ್ಟು. ನೀವೇ ಮಾಡಿ. ನಿಮ್ಮ ಪಾತ್ರ ನಿಮಗಿಂತ ಚೆನ್ನಾಗಿ ಬೇರೆ ಯಾರಿಗೆ ಬರುತ್ತದೆ?"

ಹೋಗುವಾಗಲೂ ಚುಚ್ಚಿ ಹೋದ ಎಂದುಕೊಂಡು ಬೀಗ ಹಾಕಿದೆ. ಹಾಕಿ, ಎಳೆದು ನೋಡಿದೆ. ಆ ಸಂಜೆಯೇ ವಿಡಿಯೋ ಅಳಿಸಿದೆ. ಅದರಲ್ಲಿ ಇರುವುದು ನನ್ನ ಅವಮಾನ ಮಾತ್ರ ಎಂದು ತಿಳಿದಿದ್ದೆ. ಸೆಲಿನ್‌ಳ ದನಿಯೂ ಅದರಲ್ಲಿತ್ತು.

ಸೆಲಿನ್ ಮತ್ತೆ ಆ ಒಂದು "ಹ್ಞೂಂ"ಗೇ ಮರಳಿದಳು. ಸೆಪ್ಟೆಂಬರಿನಲ್ಲಿ ತೆನೆ ಹಬ್ಬ ಬಂತು. ಕನ್ಯಾಮಾತೆಯ ಹುಟ್ಟುಹಬ್ಬ. ನಮ್ಮ ಕಡೆಯವರು ಯಾರೋ ಊರಿನಿಂದ ತಂದ ಭತ್ತದ ತೆನೆಯನ್ನು ಪೂಜೆಯಲ್ಲಿ ಆಶೀರ್ವದಿಸಿ ಮನೆಗೊಂದರಂತೆ ಕೊಡುತ್ತಾರೆ. ಮನೆಯ ಹಿರಿಯ ಅದನ್ನು ಸುಲಿದು, ಅಕ್ಕಿ ಪುಡಿಮಾಡಿ, ತೆಂಗಿನ ಹಾಲಿನ ಪಾಯಸಕ್ಕೆ ಹಾಕಿ, ಪ್ರಾರ್ಥನೆ ಹೇಳಿ ಎಲ್ಲರಿಗೂ ಹಂಚಬೇಕು. ದೂರದಲ್ಲಿರುವವರಿಗೂ ಪಾಲು ತೆಗೆದಿಡಬೇಕು. ಆದರೆ ಹೊಸ ಅಕ್ಕಿಯ ಪಾಲು ಮನೆಯವರಿಗೆ ಮಾತ್ರ. ನಮ್ಮ ತಂದೆಯ ಕಾಲದಿಂದ ನಮ್ಮ ಮನೆಯ ಕ್ರಮ ಅದು. ಬೇರೆ ಊಟ ಯಾರಿಗೆ ಬೇಕಾದರೂ ಬಡಿಸಬಹುದು, ಈ ಪಾಲನ್ನಲ್ಲ.

ನನಗೆ, ಸೆಲಿನ್‌ಗೆ, ಐರಿನ್‌ಗೆ, ಅವಳ ಗಂಡನಿಗೆ ಬಟ್ಟಲು ಇಟ್ಟೆ. ಸೆಲಿನ್ ಎಡಗೈಯಿಂದ ಇನ್ನೊಂದು ಬಟ್ಟಲಿಗೆ ಪಾಯಸ ಹಾಕಿ ನನ್ನ ಕಡೆ ತಳ್ಳಿದಳು. "ಯಾರಿಗೆ?" ಎಂದೆ. ಬಾಗಿಲ ಕಡೆ ಕೈ ತೋರಿಸಿದಳು. ಎದುರು ಮನೆಗೆ.

ಬೇರೆ ಯಾವ ಊರಿನ ಗಂಡನಿಗೂ ಒಂದು ಬಟ್ಟಲು ಪಾಯಸದಲ್ಲಿ ಏನೂ ಕಾಣುತ್ತಿರಲಿಲ್ಲ. ನನಗೆ ಕಂಡಿತು. ಮನೆಯವರಿಗೆ ಮಾತ್ರ ಸಲ್ಲುವ ಪಾಲನ್ನು ಇವಳು ಆ ಮನುಷ್ಯನಿಗೆ ಇಡುತ್ತಿದ್ದಾಳೆ. ಹಾಗಾದರೆ ಅವನು ಇವಳಿಗೆ ಏನಾಗಬೇಕು? ಕೇಳಿಯೇಬಿಟ್ಟೆ. ಎಪ್ಪತ್ತು ದಾಟಿದ, ಕೈ ಬಾಯಿ ಸೋತ ಹೆಂಗಸನ್ನು ಕೇಳಿದೆ. ಉತ್ತರ ಹೇಳಲು ಅವಳ ತುಟಿ ಬಹಳ ಹೊತ್ತು ಒದ್ದಾಡಿತು. ನಾನು ಕಾಯಲಿಲ್ಲ. ಆ ಬಟ್ಟಲನ್ನು ತೆಗೆದುಕೊಂಡು ಹೋಗಿ ಸಿಂಕಿಗೆ ಸುರಿದು ನಲ್ಲಿ ತಿರುಗಿಸಿದೆ. ಆಶೀರ್ವಾದದ ಅಕ್ಕಿ ಅದು. ಒಂದು ಅಗುಳು ನೆಲಕ್ಕೆ ಬಿದ್ದರೆ ನನ್ನ ತಾಯಿ ಹೆಕ್ಕಿ ಕಣ್ಣಿಗೊತ್ತಿಕೊಳ್ಳುತ್ತಿದ್ದಳು.

ಸೆಲಿನ್ ತನ್ನ ಪಾಲನ್ನು ಮುಟ್ಟಲಿಲ್ಲ. ಆಮೇಲೆ ಇದ್ದ "ಹ್ಞೂಂ" ಕೂಡ ನಿಂತಿತು. ಮಾತು ಕಲಿಸುವ ಹುಡುಗಿ, ಕೆಲವರಿಗೆ ಹೀಗಾಗುತ್ತದೆ, ಮೆದುಳಿನ ಸಂಗತಿ, ನಿಮ್ಮ ತಪ್ಪಲ್ಲ ಎಂದಳು. ನಾನು ತಲೆಯಾಡಿಸಿದೆ. ಒಂದು ದಿನ, ಯಾರೂ ಇಲ್ಲದಾಗ, ನಾನೇ ಹಾಲಿನ ಬಾಟಲಿ ಎತ್ತಿ ಅವಳೆದುರು ಮೂಸಿ ನೋಡಿದೆ. ನನಗೆ ಬರಲಿಲ್ಲ. ಅವಳು ಮುಖ ತಿರುಗಿಸಿದಳು. ಚಳಿಗಾಲ ಕಳೆಯುವ ಮೊದಲೇ ಹೋದಳು.

ಅವಳ ಮಣ್ಣಿಗೆ ಅವರು ಬಂದಿದ್ದರು. ಇಗರ್ಜಿಯ ಕೊನೆಯ ಬೆಂಚಿನಲ್ಲಿ ಕುಳಿತು ಅಳುತ್ತಿದ್ದರು. ನಾನು ಅಲ್ಲೂ ತಿರುಗಿ ನೋಡಿದೆ, ನಿಜವಾದ ನೀರೋ ಅಲ್ಲವೋ ಎಂದು. ಅದಾಗಿ ಸ್ವಲ್ಪ ಕಾಲಕ್ಕೆ ಮರೆವು ಹೆಚ್ಚಾಗಿ ಅವರನ್ನು ಹ್ಯಾರೋ ಕಡೆಯ ಕೇರ್ ಹೋಮಿಗೆ ಸೇರಿಸಿದರು. ಬಸ್ಸಿನಲ್ಲಿ ಹೋಗಿ ಬರುವ ದೂರ. ನಾನು ಹೋಗಲಿಲ್ಲ.

ಈಗ ಅವರೂ ಇಲ್ಲ. ಹೋದ ವಾರ ಅವರ ಮಗಳು ನನ್ನನ್ನು ಕಾಫಿಗೆ ಕರೆದಳು. ಅವರ ಫ್ಲ್ಯಾಟಿನ ಒಳಗೆ ನಾನು ಕಾಲಿಟ್ಟದ್ದು ಅದೇ ಮೊದಲು. ಗೋಡೆಯ ಮೇಲೆ ಅವರ ಫೋಟೋಗಳಿದ್ದವು. ತಟ್ಟೆ ಹಿಡಿದ ಸಪ್ಲಾಯರ್, ಬಿಳಿ ಕೋಟಿನ ಡಾಕ್ಟರ್, ಬೀದಿಯ ತುಂಬ ಜನ ಅವರನ್ನು ಮುಟ್ಟಲು ಕೈ ಚಾಚಿದ್ದು. ಅಷ್ಟೂ ನಿಜವೇ ಆಗಿತ್ತು. ಅಪ್ಪ ನಮ್ಮ ಮನೆಗೆ ಬರುವುದನ್ನು ಯಾಕೆ ನಿಲ್ಲಿಸಿದರು ಎಂಬುದು ಅವಳಿಗೆ ಗೊತ್ತಿರಲಿಲ್ಲ. ಸೆನ್ಯೋರಾ ಈಗ ಮಾತಾಡುತ್ತಾರೆ, ನನ್ನ ಅಗತ್ಯವಿಲ್ಲ ಎಂದಿದ್ದರಂತೆ.

"ಕೇರ್ ಹೋಮಿನಲ್ಲಿ ಅಪ್ಪ ಒಂದು ಸಣ್ಣ ನಾಟಕ ಮಾಡುತ್ತಿದ್ದರು," ಎಂದಳು. "ನನ್ನ ಹೆಸರು ಮರೆತರೂ ಅದನ್ನು ಮರೆಯಲಿಲ್ಲ. ಒಬ್ಬ ಗಂಡ ಬೀಗ ಎಳೆದು ನೋಡುತ್ತಾನೆ, ಹಾಲು ಮೂಸುತ್ತಾನೆ, ಹೆಂಡತಿಯನ್ನು ನೋಡುತ್ತಾನೆ. ಪಕ್ಕದ ಮನೆಯವನು ತನ್ನನ್ನೇ ಅಣಕಿಸುವುದನ್ನು ಹಿಡಿಯುತ್ತಾನೆ. ಕೈ ಎತ್ತುತ್ತಾನೆ. ಹೊಡೆಯುತ್ತಾನೆ ಅಂತ ಎಲ್ಲರೂ ಉಸಿರು ಹಿಡಿಯುತ್ತಿದ್ದರು. ಆಗ ಅವನೇ ಬಾಟಲಿ ಕಿತ್ತುಕೊಂಡು, 'ಹಾಗಲ್ಲ, ಹೀಗೆ!' ಅಂತ ಮಾಡಿ ತೋರಿಸುತ್ತಾನೆ. ಹೆಂಡತಿ ನಗುತ್ತಾಳೆ. ಮೂವರೂ ಕುಳಿತು ಹಾಲು ಕುಡಿಯುತ್ತಾರೆ. ಇದು ನಿಮ್ಮ ಮನೆಯಲ್ಲಿ ನಡೆದದ್ದು ಅಂತ ಅಪ್ಪ ಹೇಳುತ್ತಿದ್ದರು. ಅಪ್ಪನ ಕತೆಗಳು ನಿಮಗೆ ಗೊತ್ತಲ್ಲ, ಅರ್ಧಕ್ಕರ್ಧ ಕಟ್ಟಿದ್ದು. ಇದು ಹಾಗೆಯೇ ಆಯಿತಾ?"

ಅವಳು ನನ್ನ ಮುಖ ನೋಡುತ್ತಿದ್ದಳು. ನಾನು ಅವಳ ಕೈ ನೋಡುತ್ತಿದ್ದೆ.

"ಹೌದು," ಎಂದೆ. "ಹಾಗೆಯೇ ಆಯಿತು."

ಅವಳು ಅತ್ತಳು. ನನ್ನ ಎರಡೂ ಕೈ ಹಿಡಿದುಕೊಂಡು, "ಒಂದು ಕತೆಯನ್ನಾದರೂ ಅಪ್ಪ ಇದ್ದ ಹಾಗೆ ಹೇಳಿದರಲ್ಲ," ಎಂದಳು.

ಪಾದ್ರಿಗಳ ಬಳಿ ಎಲ್ಲವನ್ನೂ ನಿವೇದಿಸಿದೆ. ಕ್ಯಾಮೆರಾ, ಪಾಯಸ, ಈ ಸುಳ್ಳು, ಎಲ್ಲ. ಅವರು ಕ್ಷಮೆ ಸಾರಿದರು. ಆ ಮಗಳಿಗೆ ನಿಜ ಹೇಳುವುದು ಬಿಡುವುದು ನಿಮ್ಮ ಮನಸ್ಸಾಕ್ಷಿಗೆ ಬಿಟ್ಟದ್ದು ಎಂದರು. ಹೇಳಿದರೆ ಸತ್ತ ತಂದೆ ಮತ್ತೆ ಸುಳ್ಳುಗಾರರಾಗುತ್ತಾರೆ. ಹೇಳದಿದ್ದರೆ ನಾನು ಅವರು ಬರೆದುಕೊಟ್ಟ ಒಳ್ಳೆಯ ಗಂಡನಾಗಿ ಉಳಿಯುತ್ತೇನೆ. ಇದನ್ನು ಕನ್ನಡದಲ್ಲಿ, ಅವಳಿಗೆ ಓದಲು ಬಾರದ ಅಕ್ಷರದಲ್ಲಿ ಬರೆಯುತ್ತಿದ್ದೇನೆ ಎಂಬುದರ ಅರ್ಥವೂ ನನಗೆ ಗೊತ್ತಿದೆ.

ನಿನ್ನೆ ಅವಳು ಬಾಗಿಲು ತಟ್ಟಿ ಒಂದು ಪಾತ್ರೆಯಲ್ಲಿ ಸೂಪು ಕೊಟ್ಟು ಹೋದಳು. ಒಳ್ಳೆಯ ಮನುಷ್ಯನನ್ನು ಕಂಡಾಗ ನಗುವ ಹಾಗೆ ನನ್ನನ್ನು ನೋಡಿ ನಕ್ಕಳು. ಒಳ್ಳೆಯ ಮನುಷ್ಯ ಹೇಗೆ ನಗುತ್ತಾನೋ ಹಾಗೆ ನಗಲು ನಾನೂ ಪ್ರಯತ್ನಪಟ್ಟೆ. ಅವಳು ನಂಬಿದಳು.